ಸೀಟಿ

ಆ ಒಂದು ವರ್ಷ ನಮ್ಮೂರಾಗ
ಕೋಳಿ ಕೂಗಿ ಬೆಳಗಾಗ್ತಿದ್ದಿಲ್ಲ.
ನಾವು ಊದಿದ ಮ್ಯಾಲೇ ಆಗ್ತಿತ್ತು.

ನಾಕು ಮಂದಿ ಹೆಣ್ಮಕ್ಕಳು, ಎರಡು ಬ್ಯಾಟರಿ,
ಪಂಚಾಯ್ತಿ ಕೊಟ್ಟ ಹಳದಿ ಪ್ಲಾಸ್ಟಿಕ್ ಸೀಟಿ,
ಬುಟ್ಟಿ ತುಂಬ ಚೆಂಡುಹೂವಿನ ಹಾರ.
ಚಿತ್ತಾಪುರ ರಸ್ತೆ ಮೋರಿ ದಾಟಿ, ತೊಗರಿ ಹೊಲದ ಅಂಚಿಗೆ
ಯಾರು ಚೆಂಬು ಹಿಡಿದು ಕುಂತಾರೋ ಅವರ ಕೊರಳಿಗೆ ಹಾರ,
ಮೂರು ಸಲ ಚಪ್ಪಾಳಿ. ಬೈಯೋ ಹಂಗಿಲ್ಲ.
ತಾಲೂಕಿನಿಂದ ಬಂದ ಸಾಹೇಬ್ರು ಹೇಳಿಕೊಟ್ಟಿದ್ರು:
ನಕ್ಕೋತ ಹಾಕ್ರಿ. ನಾಚಿಕಿ ತಾನೇ ಕೆಲಸ ಮಾಡ್ತದ.

ಮಾಡ್ತು.
ಹಾರ ಬಿದ್ದ ವಾರದಾಗೇ ಮಾಣಿಕಪ್ಪ ಮಾಸ್ತರ ಗುಂಡಿ ತೋಡಿಸಿದ.
ಲಾಲಬಿ ಮಗ ಮೂರು ದಿನ ಸಾಲಿಗೆ ಹೋಗ್ಲಿಲ್ಲ,
ಹುಡುಗ್ರು ‘ಚೆಂಡುಹೂವು’ ಅಂತ ಹೆಸರಿಟ್ಟಿದ್ರು.
ಕಟ್ಟಿಸಿದವರ ಗ್ವಾಡಿಗೆ ಹಸಿರು ಬಟ್ಟು,
ಕಟ್ಟಿಸದವರ ಗ್ವಾಡಿಗೆ ಕೆಂಪು.
ಕೆಂಪು ಬಟ್ಟಿನ ಮನಿಗೆ ಕನ್ಯಾ ನೋಡ್ಲಾಕ ಬಂದವರು
ಕಟ್ಟಿ ಮ್ಯಾಲಿಂದೇ ತಿರುಗಿ ಹೋದ್ರು.

ನನಗ ಶಾಲು ಸಿಕ್ತು.
ಸಾಲಿ ಅಂಗಳದಾಗ ಶಾಮಿಯಾನ, ಮೈಕಿನಾಗ ನನ್ನ ಹೆಸರು:
ಶ್ರೀಮತಿ ಕಾಶಿಬಾಯಿ.
ಈ ಊರಿಗೆ ಹುಟ್ಟಿ, ಈ ಊರಿಗೇ ಸೊಸಿ ಆಗಿ
ಮೊದಲ ಸಲ ಯಾರೋ ಪೂರಾ ಅಂದಿದ್ದು.
ಸ್ಟೀಲಿನ ಕೊಡ. ಕಟ್ಟು ಹಾಕಿಸಿದ ಪ್ರಮಾಣಪತ್ರ.
ಗಂಡ ತಮ್ಮಪ್ಪನ ಫೋಟೋದ ಬಾಜೂಕೇ ಅದಕ್ಕ ಮೊಳಿ ಹೊಡೆದ.
ಅವತ್ತಿನಿಂದ ಇನ್ನೂ ಜೋರು ಊದಿದೆ.

ಎಳ್ಳಮಾಸಿ ಮುಂದಿನ ಚಳಿ.
ಬ್ಯಾಟರಿ ಬಿಟ್ಟೆ. ಗುಂಡವ್ವಾಯಿ.
ನನ್ನ ಹೊಕ್ಕಳಬಳ್ಳಿ ಕೊಯ್ದಾಕಿ, ನನ್ನ ಮಗಳದೂ.
ಸೀರಿ ಸರಿ ಮಾಡ್ಕೊಂಡು ಮೆಲ್ಲಗ ಎದ್ದಳು,
ಮೊಣಕಾಲು ಲಟಕ್ ಅಂತು,
ಚೆಂಬು ಉರುಳಿ ನೀರೆಲ್ಲ ಕರಿಮಣ್ಣಿಗೆ ಹೋತು.
ಹಾರ ಹಿಡಿದು ನಿಂತೆ. ಉಳಿದ ಮೂವರು ನನ್ನೇ ನೋಡಿದ್ರು.
ಆಕಿ ತಲಿ ಬಗ್ಗಿಸಿದಳು, ಮದುಮಗಳ ಹಂಗ:
‘ಹಾಕವ್ವ. ಮದುವಿ ಆದ ಮ್ಯಾಲ ಯಾರೂ ಹಾಕಿಲ್ಲ.’

ಹಾಕಿದೆ. ಚಪ್ಪಾಳಿ ಯಾರೂ ಹೊಡೀಲಿಲ್ಲ.
ಆಕಿ ಅದನ್ನ ತೆಗೀಲಾರದೇ
ಅಗಸಿ ಮುಂದ, ಗಿರಣಿ ಮುಂದ, ಚಾದ ಅಂಗಡಿ ಮುಂದ
ನಡು ರಸ್ತೆಯಾಗೇ ನಡೆದು ಹೋದಳು.
ಕೇಳಿದವರಿಗೆ, ‘ಕಾಶಿ ಸನ್ಮಾನ ಮಾಡ್ಯಾಳ.’
ಚಾ ಕುಡಿಯೋರು ಎದ್ದು ನಿಂತ್ರು,
ಯಾಕಂತ ಅವರಿಗೂ ಗೊತ್ತಿದ್ದಿಲ್ಲ.

ಮರುದಿನ ಮೋರಿ ಹತ್ರ ತಾನೇ ಕೂಗಿದಳು:
‘ಏ ಕಾಶಿ, ಇವತ್ತ ಹೂವು ತಂದಿಲ್ಲೇನ?’

ಸೀಟಿ ಬಾಯಾಗಿಟ್ಟೆ. ಉಸಿರು ಹಲ್ಲಿನ ಹಿಂದೇ ಉಳೀತು.

ಯೋಜನೆ ಮುಗೀತು, ಸಾಹೇಬ್ರಿಗೆ ಬೀದರಕ್ಕ ವರ್ಗ ಆತು.
ಅಗಸಿ ಬೋರ್ಡಿನ ಮ್ಯಾಲ ಇನ್ನೂ ಅದ:
ಬಯಲು ಬಹಿರ್ದೆಸೆ ಮುಕ್ತ ಗ್ರಾಮ.
ನಮ್ಮನಿ ಹಸಿರು ಬಟ್ಟಿನ ಹಿಂದಿನ ಪಾಯಖಾನಿ ತುಂಬ
ತೊಗರಿ ಕಟಗಿ ಒಟ್ಟೇವಿ,
ನಳಕ್ಕ ನೀರು ಎಂಟು ದಿನಕ್ಕೊಮ್ಮಿ.

ಕತ್ತಲ ಇರೋವಾಗೇ
ಸನ್ಮಾನದ ಕೊಡದಾಗಿನ ನೀರು ಚೆಂಬಿಗೆ ಬಗ್ಗಿಸ್ಕೊಂಡು
ಮೋರಿ ದಾಟ್ತೀನಿ.
ಊದೋರು ಯಾರೂ ಇಲ್ಲ.
ತೊಗರಿ ಗಿಡ ಸರಕ್ ಅಂದ್ರ ಸಾಕು
ಅರ್ಧಕ್ಕೇ ಎದ್ದು ನಿಲ್ತೀನಿ,
ಕೊರಳು ತಾನೇ ಬಗ್ತದ.