ಅರ್ಧ ಗಾಳಿ

ಚಳ್ಳಕೆರೆಯಾಚೆ ಹುಲ್ಲುಗಾವಲಿನ ನಡುವೆ
ಒಂದೇ ಒಂದು ರನ್‌ವೇ. ಕೊನೆಗೊಂದು ಕಂಬ,
ಕಂಬಕ್ಕೆ ಬಣ್ಣಗೆಟ್ಟ ಗಾಳಿಚೀಲ.
ಆಷಾಢದ ಮಧ್ಯಾಹ್ನ ಮೂರು ಗಂಟೆ;
ಚೀಲ ಒಮ್ಮೆ ಸೆಟೆದು ನಿಲ್ಲುತ್ತದೆ,
ಒಮ್ಮೆ ಮೇಕೆಯ ಕಿವಿಯಂತೆ ಜೋಲುತ್ತದೆ.

ರೇಡಿಯೋದಲ್ಲಿ ಪಾಲಯ್ಯನ ದನಿ:
"ಹದಿನೆಂಟು ನಾಟ್. ಬೀಸಿದರೆ ಮೂವತ್ತು."
ಹನ್ನೆರಡರ ಅಂತರ. ಅದರಲ್ಲಿ ಅರ್ಧ, ಆರು,
ಇಳಿಯುವ ವೇಗಕ್ಕೆ ಕೂಡಿಸಿಕೊಳ್ಳಬೇಕು.
ಕಲಿಸಿದವರು ಹೇಳಿದ್ದು ಇಷ್ಟೇ:
ಬೀಸುವ ಗಾಳಿಗಲ್ಲ,
ನಿಲ್ಲುವ ಗಾಳಿಗೆ ಹೆದರು.

ಗುಡ್ಡ ದಾಟಿದ್ದೇ ಎಡರೆಕ್ಕೆ ಎದ್ದಿತು,
ಯಾರೋ ಕೆಳಗಿಂದ ಹೆಗಲು ಕೊಟ್ಟ ಹಾಗೆ.
ಕಾಲು ಪೆಡಲಿನಲ್ಲಿ, ಕೈ ಕೋಲಿನಲ್ಲಿ,
ತಲೆಯಲ್ಲಿ ದೊಡ್ಡವ್ವ ಬೋರಕ್ಕ:
ನವಣೆಯ ಕಣದಲ್ಲಿ ಮೊರ ಎತ್ತಿ ನಿಂತವಳು
ಸೆರಗಿನ ತುದಿ ಅಲುಗುವ ಮೊದಲೇ
"ಬಂತು" ಅನ್ನುತ್ತಿದ್ದಳು.
ಗಾಳಿ ಬಂದಾಗ ತೂರಿಕೋ ಅಂತ ಊರೆಲ್ಲ ಅಂದರೆ
"ಬಿಟ್ಟಾಗ ಕೈ ತಡಕೋ" ಅಂತ
ತಾನೇ ಒಂದು ಸಾಲು ಸೇರಿಸಿದವಳು.
ತಡೆಯದಿದ್ದರೆ ಹೊಟ್ಟೂ ಕಾಳೂ ಒಂದೇ ರಾಶಿ.

ನೆಲಕ್ಕಿನ್ನು ನಲವತ್ತು ಅಡಿ.
ಬಿಟ್ಟಿತು.
ಸೀಟು ನನ್ನನ್ನು ಬಿಟ್ಟು ತಾನೇ ಮುಂಚೆ ಇಳಿಯಿತು,
ಡಾಂಬರಿನ ಬಿರುಕುಗಳು ಒಮ್ಮೆಲೇ ದೊಡ್ಡವಾದವು,
ಕೂಡಿಸಿಟ್ಟ ಆರೂ ಖರ್ಚಾಯಿತು.
ಒಂದು ಚಕ್ರ ತಾಗಿತು. ಮತ್ತೆ ನೆಗೆಯಿತು.
ಆಮೇಲೆ ಎರಡೂ.

ಬಾಗಿಲು ತೆಗೆದಾಗ ಅಂಗಿ ಬೆನ್ನಿಗಂಟಿತ್ತು.
ಪಾಲಯ್ಯ ಚಹಾದ ಲೋಟ ಚಾಚಿ ಕೇಳಿದ:
"ಹೆಂಗಿತ್ತು ಗಾಳಿ?"

"ಇರಲಿಲ್ಲ ಕಣೋ" ಅಂದೆ,
"ಅದೇ."