ಕರಿ ಎರಡು

ರಾಯದುರ್ಗದ ಬೆಟ್ಟದ ಬುಡಕ್ಕೆ ತಗಡಿನ ಷೆಡ್ಡು.
ಒಳಗೆ ನಲವತ್ತು ಮಿಷಿನ್ನು, ನೀಲಿ ಧೂಳು,
ಹೊಲಿದು ಎಸೆದ ಜೀನ್ಸಿನ ಗುಡ್ಡೆ.
ಸಾಕ್ಷ್ಯಚಿತ್ರದ ಸಂಗೀತಕ್ಕೆ ಬಂದವಳು ನಾನು,
ಶ್ರುತಿಪೆಟ್ಟಿಗೆ ತಿರುಗಿಸಿ ನೋಡಿದೆ:
ಮೋಟರಿನ ಗುಂಯ್‌ಗೆ ಕೂಡಿದ್ದು ಕರಿ ಎರಡು.
ಸಂಜೆ ಊರೆಲ್ಲ ದೀಪ ಹಾಕಿದಾಗ
ವೋಲ್ಟೇಜು ಬಿದ್ದು ಅದೂ ಅರ್ಧ ಮನೆ ಇಳಿಯಿತು.
ಯಾರೂ ತಲೆಯೆತ್ತಲಿಲ್ಲ.

"ಹದಿನಾಲ್ಕನೇ ನಿಮಿಷ, ಹಂಪಮ್ಮನ ಮುಖ,"
ಫೋನಿನಲ್ಲಿ ಶ್ರೀಕರ,
"ಅಲ್ಲೊಂದು ಸಾರಂಗಿ ಬರಲಿ. ನೋಡುವವರ ಕಣ್ಣು ಒದ್ದೆಯಾಗಬೇಕು."

ಆ ಮುಖವನ್ನು ನೂರು ಸಲ ಓಡಿಸಿದೆ.
ಆಕೆ ಅಳುತ್ತಿಲ್ಲ. ಜೇಬು ಎಣಿಸುತ್ತಿದ್ದಾಳೆ.
ಎಣಿಕೆ ತೆಲುಗು, ದಾರ ಹರಿದರೆ ಬೈಗುಳ ಕನ್ನಡ:
ಪದ್ನಾಲುಗು, ಪದಿಹೇನು,
ಥೂ ನಿನ್ ಬಾಯಿಗ್ ಮಣ್ಣ್ ಹಾಕ,
ಪದಹಾರು.
ಬೈಗುಳದ ತುದಿಗೆ ಸಣ್ಣದೊಂದು ನಗು,
ಗಮಕದ ಹಾಗೆ, ಬರೆದರೆ ಬಾರದ್ದು.

ಸಾರಂಗಿಯವನಿಗೆ ಬರಬೇಡ ಅಂದೆ.
ಒಂದು ಮಿಷಿನ್ನಿನ ಸದ್ದನ್ನೇ ಕತ್ತರಿಸಿ
ಕೆಳಗೆ ತಂಬೂರಿಯ ಒಂಟಿ ತಂತಿ ಇಟ್ಟು
ನಾಲ್ಕು ನಿಮಿಷ ಜೋಡಿಸಿದೆ.
ಕರೆಂಟು ಹೋದ ಗಳಿಗೆಯನ್ನೂ ಬಿಡಲಿಲ್ಲ:
ನಲವತ್ತು ಮೋಟರು ಒಟ್ಟಿಗೆ
ಜಾರಿ ಜಾರಿ ಮಂದ್ರಕ್ಕೆ, ಅದರಾಚೆಗೆ,
ಆಮೇಲೆ ಕತ್ತಲಲ್ಲಿ ಯಾರದೋ ಬಳೆ.
ನಾನು ಮಾಡಿದ್ದರಲ್ಲೇ ಚೆಂದ ಅನ್ನಿಸಿತು, ಸುಳ್ಳೇಕೆ.

ಭಾನುವಾರ ಷೆಡ್ಡಿನ ಗೋಡೆಗೆ
ಜೇಬಿನ ಅಸ್ತರಿನ ಬಿಳಿಬಟ್ಟೆ ಕಟ್ಟಿ ತೋರಿಸಿದೆವು.
ಮಂಡಕ್ಕಿ, ಮಕ್ಕಳು, ಮುಂದಿನ ಕುರ್ಚಿಯಲ್ಲಿ ಸಾವ್ಕಾರರು.
ಹದಿನಾಲ್ಕನೇ ನಿಮಿಷ. ಉಸಿರು ಹಿಡಿದೆ.
ಹಂಪಮ್ಮ ತನ್ನ ಮುಖ ನೋಡಲಿಲ್ಲ,
ಕಿವಿ ಓರೆ ಮಾಡಿದಳು.

"ಇದು ನನ್ ಮಿಷಿನ್ ಅಲ್ಲ ತಾಯಿ, ಮಾಬುನ್ನೀದು.
ಬೆಲ್ಟು ಸಡಿಲ ಐತೆ. ಕೇಳು,
ಎಂಟು ಹೊಲಿಗೆಗೊಂದ್ಸಲ ಕುಂಟತೈತೆ."

ಹಿಂದಿನಿಂದ ಮಾಬುನ್ನಿ, ಇಡೀ ಷೆಡ್ಡಿಗೆ ಕೇಳುವಂತೆ:
"ಮೂರ್ ತಿಂಗಳಿಂದ ಹೇಳ್ತಾನೇ ಇದೀನಿ!"

ಆ ಕುಂಟನ್ನು ನಾನು
ಆದಿತಾಳ ಅಂತ ಬರೆದುಕೊಂಡಿದ್ದೆ.

ವೈರು ಸುತ್ತುವಾಗ ಹತ್ತಿರ ಬಂದಳು ಮಾಬುನ್ನಿ,
ತಟ್ಟೆಯಲ್ಲಿ ಮಂಡಕ್ಕಿ, ಮೇಲೊಂದು ಮೆಣಸಿನಕಾಯಿ ಬಜ್ಜಿ.
"ನನ್ ಮಿಷಿನ್ ನಾಕ್ ನಿಮಿಷ ಹಾಡೈತಲ್ಲ,
ಪೀಸಿಗೆ ಎಷ್ಟ್ ಹಾಕ್ತೀಯ?"

ನಕ್ಕಳು. ನಾನೂ ನಕ್ಕೆ.
ಕೈ ಎಲ್ಲಿಡಬೇಕೋ ತಿಳಿಯದೆ ಇಳಿಬಿಟ್ಟೆ.
ಅದು ಹೋಗಿ ಕೂತದ್ದು
ನಾನು ಹಾಕಿಕೊಂಡಿದ್ದ ಜೀನ್ಸಿನ ಜೇಬಿನಲ್ಲಿ.