ಅರವತ್ನಾಲ್ಕನೇ ಪುಟದ ಆಚಿ

ಇನ್‌ಸ್ಪೆಕ್ಟರ್ ಬಾಗಲಾ ಒದ್ದ.
ಒಳಗ ದೀಪ ಇಲ್ಲ. ಯಾರದೋ ಉಸರು.
ಪುಟ ತಿರುವಿದೆ:
“ರಾಣಿಜೇನು ಮೊಟ್ಟೆಯಿಡುವ ಕಾಲದಲ್ಲಿ
ಪೆಟ್ಟಿಗೆಯ ಬಾಯಿ ಪೂರ್ವಕ್ಕಿರತಕ್ಕದ್ದು.”

ಹಿಂದ ತಿರುವಿದೆ, ಅರವತ್ನಾಲ್ಕು.
ಮುಂದ ತಿರುವಿದೆ, ಅರವತ್ತೈದು.
ಲೆಕ್ಕ ಸರಿ ಅದ. ಬಾಗಲಾ ಒದ್ದಾಂವ ಮಾತ್ರ ಇಲ್ಲ.

ತೊಗರಿ ಮಿಲ್ಲಿನ ಕಾಟಾದ ಮುಂದ ಕೂತು
ಲಾರಿಗೂ ಲಾರಿಗೂ ನಡುವ ಓದಾಕಿ ನಾನು,
ರೆಪ್ಪಿ ಮ್ಯಾಲ ಬ್ಯಾಳಿ ಧೂಳು.
ಕೊಲಿ, ಕಳವು, ಪತ್ತೆ: ಇಪ್ಪತ್ತು ವರ್ಷ ಅಷ್ಟೇ.
ಕವಿತಾ ಅಂದ್ರ ಲಗ್ನಪತ್ರಿಕ್ಯಾಗ ಹಾಕೋದು, ಶಾಸ್ತ್ರ ಅಂದ್ರ ಪರೀಕ್ಷಾ.
ಕೊನಿಗೆ ಯಾರು ಕೊಂದ್ರು ಅಂತ ತಿಳಿದ್ರ
ತೂಕಕ್ಕ ಚೀಟಿ ಹೊಂದಿದಂಗ, ನಿದ್ದಿ.

ಗ್ರಂಥಾಲಯದ ಜಗದೇವಪ್ಪ ಕನ್ನಡಕ ಎತ್ತಿ ನೋಡಿ
‘ನನ್ನ ಕೈಯಾಗ ಏನೂ ಇಲ್ಲವ್ವ,
ಬೈಂಡ್ ಮಾಡಿದ ಮಶಾಕಸಾಬಗ ಕೇಳು’ ಅಂದ.

ಕಪಡಾ ಬಜಾರದ ಹಿಂದ, ಒಂದ ಕಿಟಕಿ ಕೋಣಿ.
ಬಕೀಟಿನಾಗ ಮೈದಾ ಅಂಟು, ಅದರಾಗ ಮೈಲುತುತ್ತದ ನೀಲಿ.
ಹಲ್ಲಾಗ ದಾರ ಕಚ್ಚಿಕೊಂಡೇ ಹೇಳ್ದ:
‘ಹೋದ ಬ್ಯಾಸಗ್ಯಾಗ ಸುಳಿಗಾಳಿ ಬಂತ್ರಿ ಬಾಯಿ.
ಬಿಚ್ಚಿಟ್ಟ ಮುವತ್ತೆಂಟು ಪುಸ್ತಕ ಗಲ್ಲಿ ತುಂಬ.
ಪೋರಗೋಳು ಆರಿಸಿ ತಂದ್ರು, ಒಂದಷ್ಟು ಆಡಿನ ಬಾಯಿಂದ.
ನನಗ ಕನ್ನಡ ಓದಾಕ ಬರಲ್ಲ. ಅಂಕಿ ಬರ್ತಾವ.
ಅರವತ್ನಾಲ್ಕರ ಬೆನ್ನಿಗೆ ಅರವತ್ತೈದು ಹೊಲದೀನಿ.
ತಪ್ಪೇನದ?’

ತಪ್ಪಿಲ್ಲ ಅಂದೆ. ಏನನ್ನಲಿ.

ಹಂಗ ಸುರುವಾತು.
ಕರೇ ಕ್ಯಾಲಿಕೋದ ಮುವತ್ತೆಂಟು ಬೆನ್ನು,
ಯಾವ್ದರಾಗ ಅಡಗ್ಯಾನ ನನ್ನ ಇನ್‌ಸ್ಪೆಕ್ಟರ್?
ಮೂತ್ರಪಿಂಡದ ಹರಳಿಗೆ ಬಾಳಿದಿಂಡಿನ ರಸ ಕುಡಕೋತ ಹೋದ್ರ
ನಡುವ ಒಬ್ಬಾಕಿ ರಾಜಕುಮಾರಿ ವಿಷದ ಬಟ್ಟಲ ಎತ್ತಿ
ರಂಗದ ಎಡಕ್ಕ ಸರಿದು ನಿಂತಳು.
ಹಿಮದಾಗ ಬೆರಳು ಕಳಕೊಂಡಾಂವನ ದಿನಚರಿ
ಮಕ್ಕಳ ಒಗಟಿನಾಗ ಹೋಗಿ ಮುಗೀತು:
“ಕಾಲಿಲ್ಲದೆ ಬಂದ, ಕದ ತಟ್ಟಿ ಹೋದ.”
ಉತ್ತರದ ಪುಟ ಎಲ್ಲೋ. ಉತ್ತರ ನನಗ ಗೊತ್ತಿತ್ತು.
ಗಜಲಂತ, ಎಂದೂ ಮುಟ್ಟಿದ್ದಿಲ್ಲ;
ಎರಡೇ ಸಾಲು ಓದಿ ಒಂದು ಲಾರಿ ತೂಗೋದ ಮರ್ತೆ.
ಮಾಲಕ ಬೈದ. ಬೈಲಿ.

ಭೂಮಿ ಬಗ್ಗೆ ಒಂದಿತ್ತು, ಹೆಸರಿನ ಪುಟ ಆಡು ತಿಂದಿತ್ತು.
“ಶಹಾಬಾದಿ ಕಲ್ಲು ಒಂದು ಕಾಲದ ಕಡಲತಳದ ಕೆಸರು,
ಪದರದ ಮೇಲೆ ಪದರ.”
ಅವತ್ತ ರಾತ್ರಿ ಕರೆಂಟ್ ಇಲ್ಲ.
ಹಾಸಿಗಿ ಸುತ್ತಿಟ್ಟು ಬರೇ ಫರ್ಸಿ ಮ್ಯಾಲ ಮಲಗಿದೆ.
ಐವತ್ತೊಂದು ವರ್ಷ ಕಲಬುರಗ್ಯಾಗ, ಕಡಲು ನೋಡಿಲ್ಲ.
ಬೆನ್ನಿಗೆ ತಂಪು ಹತ್ತಿತು.
ಅಂಗೈಲೆ ತಡವಿದೆ,
ಕೆಳಗಿನ ಪದರದಾಗ ಏನು ಬರದದೋ.

ದೀಪಾವಳಿ ಹತ್ರ ಸಿಕ್ಕ ಇನ್‌ಸ್ಪೆಕ್ಟರ್,
ಚಿಕ್ಕಿ ಗುರುತು ಹಿಡಿಯೋ ಪುಸ್ತಕದ ಬಾಲಕ್ಕ.
ಒಳಗ ಉಸರಾಡಿದ್ದು ನಾಯಿ.
ಕೊಂದಾಂವ ಕಾಂಪೌಂಡರ್, ಮುವತ್ತನೇ ಪುಟಕ್ಕೇ ಅಂದಿದ್ದೆ.
ನಿದ್ದಿ ಮಾತ್ರ ಬರಲಿಲ್ಲ:
ರೋಹಿಣಿ ಅದು, ಮೃಗಶಿರಾ ಎಲ್ಲಿ
ಅಂತ ಮಾಳಗಿ ಹತ್ತಿ ನಿಂತಿದ್ದೆ.

ಎಲ್ಲಾ ಬಿಚ್ಚಿಸಿ ಸರಿ ಮಾಡಸ್ತೀನಿ ಅಂತಾನ ಜಗದೇವಪ್ಪ.
ತಡೀರಿ ಅಂದೀನಿ.
ಕಥಿ ಮುರಿದ ಪುಟದ ಕೆಳಗ ಪೆನ್ಸಿಲ್‌ಲೆ ಬರದೀನಿ,
‘ಮುಂದಿನದು ಎರಡನೇ ಕಪಾಟು, ಕೆಳಗಿಂದ ಮೂರನೇದು.
ದಾರ್ಯಾಗ ನಿಂತ್ರೂ ನಡೀತದ.’

ಶುಕ್ರವಾರ ಬಿಟ್ಟು ದಿನಾ ಸಂಜಿ ಮಶಾಕಸಾಬ ಕೇಳ್ತಾನ,
‘ಇವತ್ತ ನೋಡ್ದಿರೇನು, ಏನ್ ಹೊಲದೀನಿ ನಾ?’
ಹೇಳ್ತೀನಿ. ಸೂಜಿ ನಿಲ್ಲಸ್ತಾನ.
‘ಆ ಜೇನು?’ ಅಂದ ನಿನ್ನೆ, ‘ಅದರ ಮೊದಲಿಂದು ಎಲ್ಲದ?’
ಅದೊಂದು ಸಿಕ್ಕಿಲ್ಲ.
ಆಡಿಗೇ ಕೇಳಬೇಕು.